ಯಾರೂ ಓದದ ಹಾಳೆ

ಅಂದು ಬೆಳಗ್ಗೆ ಒರ್ಮುಲ್ ಜೇನು ಸವರಿದ ರೊಟ್ಟಿ ತಿಂದು ಕೈ ತೊಳೆಯಲು ಮರೆತ. ಬೇರೆಯವರು ಮರೆತಿದ್ದರೆ ನಾಲ್ಕು ಇರುವೆ ಬಂದು ವಿಷಯ ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಒರ್ಮುಲ್ ಸೂಲುನ್ ಕಣಿವೆಯ ಓದುಗ. ದಿನಾ ನಸುಕಿನಲ್ಲಿ ಬಂಡೆಯ ತುದಿಯ ಪೀಠದ ಮೇಲೆ ಕುಳಿತು, ತೊಗಟೆಯ ಹಾಳೆಗಳಲ್ಲಿ ಬರೆದ 'ಮೊದಲ ನುಡಿ'ಯನ್ನು ಗಟ್ಟಿಯಾಗಿ ಓದುವುದು ಅವನ ಕೆಲಸ. ಅವನು ಓದಿದರೇ ಲೋಕ. ಮೊದಲವಳು ಲೋಕವನ್ನು ಒಮ್ಮೆ ಮಾಡಿಟ್ಟು ಕೈಕಟ್ಟಿ ಕುಳಿತವಳಲ್ಲ; ದಿನವೂ ಹೊಸದಾಗಿ ಮಾಡುತ್ತಾಳೆ. ಹೇಗೆ ಮಾಡಿದ್ದೆನೆಂದು ದಿನವೂ ಅವಳಿಗೆ ಯಾರಾದರೂ ನೆನಪಿಸಬೇಕು. ಓದಿನಲ್ಲಿ ನೀರಿನ ಸಾಲು ಬರುವ ತನಕ ಹೊಳೆ ಕಲ್ಲುಗಳ ನಡುವೆ ಗಾಜಿನ ಹಾಗೆ ನಿಂತಿರುತ್ತದೆ. 'ಹರಿಯಲಿ ಎಂದಳು' ಎಂದು ಓದಿದೊಡನೆ ಹೊರಡುತ್ತದೆ.

ಊರವರು ಆ ಹೊತ್ತಿನಲ್ಲಿ ನಿದ್ದೆಯಲ್ಲಿರಬೇಕು, ಅದು ಕಟ್ಟಳೆ. ಓದುಗನೂ ಓದು ಮುಗಿದೊಡನೆ ಮರೆವಿನ ಬೇರು ಅಗಿದು ಓದಿದ್ದನ್ನೆಲ್ಲ ಮರೆಯಬೇಕು. ನೆನಪಿನಿಂದ ಒಪ್ಪಿಸಿದ ಲೋಕ ಹಳೆಯ ಬಟ್ಟೆಯಂತೆ ಅಲ್ಲಲ್ಲಿ ಮಾಸಿರುತ್ತದಂತೆ. ಹಾಗಾಗಿ ಹೊಳೆ ಹೊರಡುವುದನ್ನು ಒರ್ಮುಲ್ ದಿನವೂ ಮೊದಲ ಸಲವೇ ಕಂಡವನಂತೆ ಬಾಯಿ ತೆರೆದು ನೋಡುತ್ತಿದ್ದ.

ಅಂದು ಬೇರು ಅಗಿಯುತ್ತ ಹಾಳೆಗಳನ್ನು ಬಟ್ಟೆಯಲ್ಲಿ ಕಟ್ಟುವಾಗ ಒಂದು ಹಾಳೆ ದಪ್ಪಗಿದೆ ಎನ್ನಿಸಿತು. ಅಂಚನ್ನು ಸವರಿ ನೋಡಿದ. ಒಂದಲ್ಲ, ಎರಡು ಹಾಳೆ, ಗಟ್ಟಿಯಾಗಿ ಅಂಟಿಕೊಂಡಿದ್ದವು. ಬೆರಳು ಮೂಸಿದ. ಜೇನು.

ಹಾಳೆ ಹಾರಿಸಿದ ಓದುಗನಿಗೆ ಮತ್ತೆ ಪೀಠವಿಲ್ಲ. ಒರ್ಮುಲ್ ಮನೆಗೆ ಓಡಿ ಹೆಂಡತಿ ನಿವ್ರೆಯ ಕಿವಿಯಲ್ಲಿ ಹೇಳಿದ.

"ಕೈ ತೊಳ್ಕೊಳ್ಳಿ ಅಂತ ದಿನಾ ಬಡ್ಕೊಳ್ಳೋದು ಯಾರಿಗೆ, ಗೋಡೆಗಾ?" ಎಂದಳು ನಿವ್ರೆ. ಅದು ಕಿವಿಯಲ್ಲಿ ಹೇಳಿದ ಮಾತಾಗಿರಲಿಲ್ಲ. ಪಕ್ಕದ ಮನೆಯ ತಗಿರ, ನೂಲಿಗೆ ಬಣ್ಣ ಹಾಕುವವಳು, ಹಂಡೆ ಬಿಟ್ಟು ಬಂದಳು.

ಆಮೇಲೆ ತಡೆಯುವವರಿರಲಿಲ್ಲ. ಓದದೆ ಬಿಟ್ಟ ಹಾಳೆಯಲ್ಲಿದ್ದದ್ದು ಇವತ್ತು ಲೋಕದಲ್ಲಿಲ್ಲ ಎಂದಾದ ಮೇಲೆ ಏನಿಲ್ಲವೆಂದು ಹುಡುಕಲು ಇಡೀ ಕಣಿವೆ ಹೊರಟಿತು. ತಗಿರಳ ಕೆಂಪಿನಲ್ಲಿ ಕೆಂಪು ಸಾಲದಾಯಿತು. ಕಮ್ಮಾರನಿಗೆ ಎಡಮೊಣಕಾಲಿನ ಬಲ ಕಾಣೆಯಾಯಿತು. ಹೋದ ಚಳಿಗಾಲದಿಂದಲೇ ಕಾಣೆಯಾಗಿತ್ತೆಂದು ಅವನ ಅತ್ತೆ ಹೇಳಿದ್ದನ್ನು ಯಾರೂ ಕೇಳಲಿಲ್ಲ. ಒಬ್ಬಳು ತನ್ನ ಗಂಡನ ಬುದ್ಧಿಯನ್ನು ವಾಪಸು ಕೊಡಿಸಬೇಕೆಂದು ಒರ್ಮುಲನ ಅಂಗಳದಲ್ಲೇ ಕುಳಿತಳು. ಮಧ್ಯಾಹ್ನದ ಹೊತ್ತಿಗೆ ಊರಲ್ಲಿ ಯಾವುದೂ ನೆಟ್ಟಗಿರಲಿಲ್ಲ. ಒರ್ಮುಲ್ ಹಿತ್ತಿಲಿನ ಒಲೆಯ ಹಿಂದೆ ಮುದುಡಿ ಕುಳಿತ. ಅಲ್ಲಿಗೂ ಬಂದು ಒಬ್ಬರು ಸೂರ್ಯ ಸ್ವಲ್ಪ ಸಣ್ಣಗಾಗಿಲ್ಲವೇ ಎಂದು ವಿಚಾರಿಸಿದರು.

ಇಳಿಹೊತ್ತಿಗೆ ಊರ ಹಿರಿಯಳು ಕೊಹೆಲಜ್ಜಿ ಎಲ್ಲರನ್ನೂ ಬಂಡೆಯ ಮೇಲೆ ಸೇರಿಸಿದಳು. ಅಂಟಿದ ಹಾಳೆಗಳನ್ನು ಕುದಿಯುವ ನೀರಿನ ಹಬೆಗೆ ಹಿಡಿದು, ಮೀನಿನ ಮುಳ್ಳಿನಿಂದ ಎಳೆ ಎಳೆಯಾಗಿ ಬಿಡಿಸಿದಳು. ಒಳಮೈಯನ್ನು ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡಿದಳು. ಪೀಠ ಹೋಯಿತೆಂದು ಒರ್ಮುಲ್ ಕಣ್ಣು ಮುಚ್ಚಿದ.

"ಇದು ಜೇನಲ್ಲ. ಮರದ ಅಂಟು," ಎಂದಳು ಅಜ್ಜಿ. "ತೊಗಟೆ ಹಸಿ ಇದ್ದಾಗಲೇ ಅಂಟಿದ್ದು. ಹುಳು ಕೊರೆದ ತೂತು ನೋಡಿ, ಎರಡನ್ನೂ ಒಟ್ಟಿಗೇ ದಾಟಿದೆ. ಈ ಹಾಳೆನ ಇವತ್ತಲ್ಲ, ಯಾವತ್ತೂ ಯಾರೂ ಓದಿಲ್ಲ."

ಒರ್ಮುಲ್ ಕಣ್ಣು ತೆರೆದ. ಪೀಠ ಉಳಿದಿತ್ತು. ಆದರೆ ಸುತ್ತ ಯಾರೂ ಅವನನ್ನು ನೋಡುತ್ತಿರಲಿಲ್ಲ. ಎಲ್ಲರ ಕಣ್ಣು ಆ ಹಾಳೆಯ ಮೇಲಿತ್ತು. ಲೋಕದಲ್ಲಿ ಇನ್ನೂ ಹುಟ್ಟದ ಒಂದು ವಸ್ತು ಅಲ್ಲಿ ಮಲಗಿತ್ತು. ಅದು ಏನಿರಬಹುದೆಂದು ಯೋಚಿಸಲು ಹೋದವರಿಗೆ ಯೋಚಿಸಲು ಏನೂ ಸಿಗಲಿಲ್ಲ. ಮತ್ತೆ ಅಂಟಿಸಿಬಿಡೋಣ ಎಂದು ತಗಿರ ಮೆಲ್ಲಗೆ ಅಂದಳು. ಅಜ್ಜಿ ಹಾಳೆಯನ್ನು ಒರ್ಮುಲನ ಕೈಗಿತ್ತಳು.

ಅವನು ಪೀಠದ ಮೇಲೆ ಕುಳಿತು, ನಡುಗುವ ಗಂಟಲಿನಲ್ಲಿ ಓದಿದ:

"ಎಲ್ಲವನ್ನೂ ಮಾಡಿದ ಮೇಲೆ ಅವಳು ಕೂಗಿದಳು. ಯಾರೂ ಓಗೊಡಲಿಲ್ಲ. ಒಂಟಿಯಾಗಿ ಕೂಗಿದವರಿಗೆ ಓಗೊಡುವವರಿರಲಿ ಎಂದಳು."

ಒಂದು ಉಸಿರಿನಷ್ಟು ಹೊತ್ತು ಏನೂ ಆಗಲಿಲ್ಲ. ಆಮೇಲೆ ಕಣಿವೆಯ ಆಚೆಗಿದ್ದ ಹೋರು ಬೆಟ್ಟ, ಹುಟ್ಟಿದಂದಿನಿಂದ ಒಂದು ಮಾತೂ ಆಡದ ಬೆಟ್ಟ, ಹೇಳಿತು: "ಇರಲಿ ಎಂದಳು."

ಜನ ನಿಂತಲ್ಲೇ ಮೊಣಕಾಲೂರಿದರು. ಕಮ್ಮಾರನ ಎಡಮೊಣಕಾಲೂ ಮಡಚಿತು. ಕೊಹೆಲಜ್ಜಿಯ ಕಣ್ಣಲ್ಲಿ ನೀರಿತ್ತು. ತಗಿರ ಮಾತ್ರ ಎದ್ದುನಿಂತು ಯಾರದು ಎಂದು ಕೇಳಿದಳು. ಬೆಟ್ಟವೂ ಅದನ್ನೇ ಕೇಳಿತು. ಮೊದಲು ಕೇಳಿದ್ದು ತಾನೆಂದಳು. ಬೆಟ್ಟವೂ ಹಾಗೇ ಅಂದಿತು. ಜಗಳದಲ್ಲಿ ಎಂದೂ ಸೋಲದ ತಗಿರ ಆ ಸಂಜೆ ಸುಸ್ತಾಗಿ ಕುಳಿತಳು. ಅದನ್ನು ಕಂಡ ನೆರೆಹೊರೆಯವರ ಭಕ್ತಿ ಇಮ್ಮಡಿಯಾಯಿತು.

ಒರ್ಮುಲನಿಗೆ ಹೆಮ್ಮೆಯಿಂದ ಎದೆಯುಬ್ಬಿತು. ಇಷ್ಟು ಕಾಲ ಯಾವ ಓದುಗನೂ ಮಾಡದ್ದನ್ನು ತಾನು ಮಾಡಿದ್ದ. ಅಜ್ಜಿ ತನಗೇನಾದರೂ ಹೇಳುತ್ತಾಳೆಂದು ಅವಳ ಮುಖ ನೋಡಿದ. ಅವಳು ಬೆಟ್ಟವನ್ನೇ ನೋಡುತ್ತಿದ್ದಳು.

"ಎಂಥಾ ಗಂಟಲು," ಎಂದಳು. "ಕೆಮ್ಮಿಲ್ಲ, ನಡುಕ ಇಲ್ಲ. ಇಷ್ಟು ದಿನ ಬೇರೆ ಯಾರೂ ಇಲ್ಲ ಅಂತ ನಿನ್ನ ಕೈಲಿ ಓದಿಸ್ತಿದ್ವಿ ಕಣಪ್ಪಾ. ಇನ್ಮೇಲೆ ಓದುಗ ಅದೇ."

"ಅಜ್ಜೀ, ಅದು ನಾನು ಹೇಳಿದ್ದನ್ನೇ ತಾನೇ ಹೇಳೋದು?"

"ನೀನು ಮಾತ್ರ ಇನ್ನೇನು ಮಾಡ್ತಿದ್ದೆ? ಹಾಳೇಲಿದ್ದಿದ್ದನ್ನೇ ತಾನೇ ಹೇಳ್ತಿದ್ದಿದ್ದು?"

ಜನ ಆಗಲೇ ಪೀಠವನ್ನು ಎತ್ತಿ ಒರ್ಮುಲನ ಬೆನ್ನಿಗೆ ಕಟ್ಟುತ್ತಿದ್ದರು, ಕತ್ತಲಾಗುವುದರೊಳಗೆ ಬೆಟ್ಟಕ್ಕೆ ಮುಟ್ಟಿಸಬೇಕಿತ್ತು. ಓದುಗನ ಪಾಲಿನ ಜೇನಿನ ಗಡಿಗೆಯನ್ನು ನಿವ್ರೆ ಮನೆಯಿಂದ ತಂದು ಅವನ ಕೈಯಲ್ಲಿಟ್ಟಳು, ಚೆಲ್ಲದಂತೆ ಹಿಡಿಯಲು ಹೇಳಿ.

ಅವನು ಇಳಿಜಾರು ಇಳಿಯತೊಡಗಿದಾಗ ಅಜ್ಜಿ ಹಿಂದಿನಿಂದ ಕರೆದಳು.

"ಒರ್ಮುಲ್, ನಾಳೆ ಬೆಳಗ್ಗೆ ಇಲ್ಲಿಂದ ಸ್ವಲ್ಪ ಗಟ್ಟಿಯಾಗಿ ಹೇಳ್ಕೊಡಪ್ಪ. ಓದುಗರು ದೂರದಲ್ಲಿದ್ದಾರೆ."