ಬೀಗರ ಮರ್ಯಾದೆ ಮತ್ತು ಅಪೀಲಿನ ಮುದತ್ತು

ಬೆಳಗಿನ ಹನ್ನೊಂದೂ ಇಪ್ಪತ್ತಕ್ಕೆ ನನ್ನ ನಿದ್ದೆ ಕೆಟ್ಟಿತು. ಆಗ ನಾನೇನೂ ಮಲಗಿರಲಿಲ್ಲ; ಲಕ್ಷ್ಮೇಶ್ವರದ ನಮ್ಮ ಉಚಿತ ವಸತಿ ನಿಲಯದ ಅಡುಗೆಮನೆಯಲ್ಲಿ ಜೋಳದ ಚೀಲ ಬಿಚ್ಚುತ್ತಿದ್ದೆ. ಗದಗಿನಿಂದ ವಕೀಲರ ಫೋನು ಬಂತು. "ಮೇಡಂ, ಅಪೀಲಿನ ಮುದತ್ತು ಮುಗದು ಹೋಗೇತಿ. ತಡ ಮನ್ನಾ ಮಾಡ್ರಿ ಅಂತ ಅರ್ಜಿ ಹಾಕೇನಿ. ಯಾಕ ತಡಾ ಆತು ಅಂತ ಕೋರ್ಟಿನಾಗ ನೀವ ಸಾಕ್ಷಿ ಹೇಳಬೇಕು." ಹಗಲಲ್ಲಿ ಕೆಟ್ಟ ನಿದ್ದೆ ರಾತ್ರಿ ರಿಪೇರಿಯಾಗುವುದಿಲ್ಲ ಎಂಬುದು ನನಗೆ ಆಮೇಲೆ ಗೊತ್ತಾಯಿತು.

ನಾನು ಆ ನಿಲಯದ ವಾರ್ಡನ್; ನಮ್ಮ ಯಜಮಾನರೂ ನಾನೂ ಇರುವುದು ಅಲ್ಲೇ. ಬೆಳ್ಳಟ್ಟಿ, ಡೋಣಿ ಕಡೆಯಿಂದ ಕಾಲೇಜಿಗೆ ಬರುವ ಹುಡುಗಿಯರು ಇರಲೆಂದು ಪುಣ್ಯಾತ್ಮರೊಬ್ಬರು ಮನೆ ಕಟ್ಟಿಸಿ ಟ್ರಸ್ಟಿಗೆ ಬಿಟ್ಟಿದ್ದರು. ಅವರ ಅಣ್ಣನ ಮಗ ಅದು ತನ್ನದೆಂದು ದಾವೆ ಹೂಡಿ, ಕೆಳಗಿನ ಕೋರ್ಟಿನಲ್ಲಿ ಗೆದ್ದೂಬಿಟ್ಟ. ಮೇಲಿನ ಕೋರ್ಟು ನಮ್ಮ ಅಪೀಲನ್ನು ಕೈಗೆತ್ತಿಕೊಳ್ಳದಿದ್ದರೆ ಹುಡುಗಿಯರು ಟ್ರಂಕು ಹೊತ್ತು ಊರಿಗೆ ವಾಪಸ್. ಅವರಲ್ಲಿ ಅರ್ಧ ಮಂದಿಗೆ ಓದು ಅಲ್ಲಿಗೇ ಮುಗಿದಂತೆ.

ತಡವಾದದ್ದಕ್ಕೆ ಕಾರಣ ನನಗೆ ಚೆನ್ನಾಗಿ ಗೊತ್ತಿತ್ತು. ಕಾರಣಕ್ಕೆ ಪ್ರತಿ ಸಲವೂ ಚಹಾ ಮಾಡಿಕೊಟ್ಟವಳು ನಾನೇ. ನಮ್ಮ ಟ್ರಸ್ಟಿಗಳಾದ ಬಸಪ್ಪ ಕಾಕಾ ಮತ್ತು ಶಂಕ್ರಪ್ಪ ಮಾಮಾ ಪರಸ್ಪರ ಬೀಗರು. ಕಾಕಾನ ಮಗಳನ್ನು ಮಾಮಾನ ಮನೆಗೆ ಕೊಟ್ಟಿದ್ದಾರೆ. ಅಪೀಲಿಗೆ ಇಬ್ಬರ ಸಹಿಯೂ ಬೇಕು.

"ಮಾಡ್ರಿ ಬೀಗರ, ಮೊದಲ ನಿಮ್ಮ ಸಹಿ ಆಗ್ಲಿ," ಎನ್ನುವರು ಕಾಕಾ.

"ಎಲ್ಲಿ ಮಾತ್ರೀ! ವಯಸ್ಸಿನಾಗ ನೀವು ಹಿರ್ಯಾರು."

"ವಯಸ್ಸು ತೊಗೊಂಡು ಏನ್ ಮಾಡೂದ್ರಿ? ಹೆಣ್ಣ ಕೊಟ್ಟಾವ ನಾ. ಬೀಗರನ್ನ ದಾಟಿ ಸಹಿ ಮಾಡಿದ್ರ ಮಂದಿ ಏನಂತಾರ?"

ಪೆನ್ನಿನ ಮುಚ್ಚಳ ತೆಗೆದದ್ದು ತೆಗೆದಂತೆಯೇ ಇರುತ್ತಿತ್ತು. ಚಹಾ ಮುಗಿಯುತ್ತಿತ್ತು. "ಬರೂ ಸೋಮವಾರ ಕುಂಡ್ರೋಣು" ಎಂದು ಇಬ್ಬರೂ ಏಳುತ್ತಿದ್ದರು. ಹೊಸ್ತಿಲಲ್ಲಿ ಯಾರು ಮೊದಲು ದಾಟಬೇಕೆಂದು ಇನ್ನೊಂದು ಸುತ್ತು. ಕೊನೆಗೆ ಒಬ್ಬರಿಗೆ ಕಾಣದಂತೆ ಇನ್ನೊಬ್ಬರ ಮನೆಗೆ ಹೋಗಿ ನಾನೇ ಸಹಿ ಹಾಕಿಸಿದೆ. ಅಷ್ಟರಲ್ಲಿ ಮುದತ್ತು ದಾಟಿತ್ತು.

"ಇದನ್ನ ಹೇಳಿದ್ರ ಯಾರ್ ನಂಬ್ತಾರ್ರಿ?" ಎಂದರು ವಕೀಲರು. "ಕಾಕಾರ ಕಾಲು ಮುರದಿತ್ತು ಅಂದ್ರಾತು." ಕಾಕಾ ದಿನವೂ ಪೇಟೆಗೆ ನಡೆದೇ ಹೋಗುವವರು, ಅದೂ ಎದುರು ಪಕ್ಷದವನ ಅಂಗಡಿಯ ಮುಂದೆಯೇ. ಸುಳ್ಳು ಹೇಳುವುದಿಲ್ಲ ಎಂದೆ. ಇದರಲ್ಲಿ ಸತ್ಯನಿಷ್ಠೆ ಕಡಿಮೆ, ಜೈಲಿನ ಹೆದರಿಕೆ ಹೆಚ್ಚು.

ಅಂದಿನಿಂದ ನನಗೆ ಎಲ್ಲರ ಮೇಲೂ ಗುಮಾನಿ. ಕಾಯಿಪಲ್ಲೆಯ ನೀಲವ್ವ, "ಕಾಕಾರು ಆರಾಮ ಅದಾರೇನ್ರಿ ಅಕ್ಕಾರ?" ಎಂದರೆ, "ಯಾರು ಕೇಳಾಕ ಹೇಳಿದ್ರು?" ಎಂದುಬಿಟ್ಟೆ. ಅವಳು ತಕ್ಕಡಿ ಕೆಳಗಿಟ್ಟು ನನ್ನನ್ನೇ ನೋಡಿದಳು. ಹಾಲಿನವನು ಹತ್ತು ನಿಮಿಷ ಮೊದಲೇ ಬಂದರೆ ಎದುರು ಪಕ್ಷದವನು ಕಳಿಸಿದನೇ ಎನಿಸಿತು. ಬೀಗರ ಮೇಲೂ ಅನುಮಾನ ಬಂತು: ಇಷ್ಟು ಮರ್ಯಾದೆ ಮನುಷ್ಯರಿಗೆ ಸಹಜವೇ? ಒಳಗೊಳಗೇ ಆ ಕಡೆ ಸೇರಿಕೊಂಡು ಬೇಕೆಂದೇ ತಡಮಾಡಿದರೇ? ನಡುರಾತ್ರಿ ಎದ್ದು ಕುಳಿತು ಗೋಡೆಗೆ ಸಾಕ್ಷಿ ಹೇಳುತ್ತಿದ್ದೆ. ಗೋಡೆಗೂ ನಂಬಿಕೆ ಬಂದಂತೆ ಕಾಣಲಿಲ್ಲ.

ಗದಗಿನ ಕೋರ್ಟಿನಲ್ಲಿ ಕಟಕಟೆ ಹಿಡಿದು ಎಲ್ಲವನ್ನೂ ಹೇಳಿದೆ. ಎದುರು ವಕೀಲರು ನಕ್ಕರು. "ಸಹಿ ಒಂದು ಗಳಿಗಿ ಕೆಲಸ. ಎರಡು ತಿಂಗಳು 'ನೀವು ಮೊದಲ, ನೀವು ಮೊದಲ' ಅಂತ ಕುಂತಿದ್ರಂತ! ಕಲ್ತವರಾಗಿ ಎಂಥಾ ಕಥಿ ಕಟ್ಟೀರಿ ಮೇಡಂ? ಪ್ರಮಾಣ ಮಾಡಿ ಸುಳ್ಳು ಹೇಳಿದ್ರ ಏನಾಗ್ತದ ಗೊತ್ತೈತಿಲ್ಲೊ?" ಹೇಳಿದ್ದನ್ನೇ ಇನ್ನೊಮ್ಮೆ ಹೇಳಿದೆ. ನ್ಯಾಯಾಧೀಶರ ಮುಖ ಬಿಗಿದಿತ್ತು. "ಟ್ರಸ್ಟಿಗಳು ಬಂದಿದ್ದಾರಾ? ಯಾರಾದರೂ ಒಬ್ಬರು ಮುಂದೆ ಬನ್ನಿ," ಎಂದರು.

ಹಿಂದಿನ ಬೆಂಚಿನಿಂದ ಇಬ್ಬರೂ ಎದ್ದರು.

"ನಡೀರಿ ಬೀಗರ," ಎಂದರು ಕಾಕಾ.

"ಛೇ ಛೇ, ನೀವು ಇರಬೇಕಾದ್ರ ನಾ ಮುಂದ ಹೋಗೂದ?"

"ಸಾಹೇಬ್ರು ಕಾಯಾಕತ್ತಾರ, ನೀವ ನಡೀರಿ."

"ಅದಕ್ಕ ಅಂತೀನಿ, ಹಿರ್ಯಾರು ಮುಂದಾಗ್ರಿ!"

ಇಬ್ಬರೂ ಒಂದೇ ಸಲ ಹಿಂದೆ ಸರಿದು ಗೋಡೆಗೆ ತಾಗಿದರು. ನ್ಯಾಯಾಧೀಶರು ಪೆನ್ನು ಕೆಳಗಿಟ್ಟರು. ಎದುರು ವಕೀಲರು ನಗು ತಡೆಯಲಾರದೆ ಕಿಟಕಿಯ ಕಡೆ ತಿರುಗಿದರು. "ಏನು ವಕೀಲರೇ, ಇನ್ನೂ ಸಾಕ್ಷಿ ಬೇಕೆ?" ಎಂದು ನ್ಯಾಯಾಧೀಶರು ಅವರನ್ನೇ ಕೇಳಿದರು. ಗುರುವಾರ ಆದೇಶ ಬಂತು: ತಡ ಮನ್ನಾ, ಅಪೀಲಿನ ವಿಚಾರಣೆ ನಡೆಯುತ್ತದೆ, ಅದು ಮುಗಿಯುವವರೆಗೆ ಹುಡುಗಿಯರನ್ನು ಎಬ್ಬಿಸುವಂತಿಲ್ಲ.

ಆದೇಶ ಕೇಳಿಕೊಂಡು ತಿರುಗಿ ಬರುವಾಗ ಬಸ್ಸಿನಲ್ಲಿ ನನ್ನ ಗುಮಾನಿ ಮತ್ತೆ ತಲೆಯೆತ್ತಿತು. "ಖರೆ ಹೇಳ್ರಿ ಮಾಮಾ, ಅವತ್ತು ಕೋರ್ಟಿನಾಗ ಮಾಡಿದ್ದು ನಾಟಕ ಅಲ್ಲಲ್ಲ?" ಮಾಮಾನ ಮುಖ ಸಣ್ಣದಾಯಿತು. "ಬೀಗರ ಮುಂದ ಯಾರರ ನಾಟಕ ಮಾಡ್ತಾರೇನವ್ವಾ?"

ಆ ಗುರುವಾರ ರಾತ್ರಿ ಮಲಗಿದವಳು ಮುಖದ ಮೇಲೆ ಬಿಸಿಲು ಬಿದ್ದಾಗಲೇ ಎದ್ದದ್ದು. ಕನಸಿಲ್ಲ, ಬೆವರಿಲ್ಲ, ಮಧ್ಯೆ ಒಮ್ಮೆಯೂ ಎಚ್ಚರವಿಲ್ಲ. ಸಂತೋಷಪಡಬೇಕಾದವಳಿಗೆ ಗುಮಾನಿ ಹುಟ್ಟಿತು. ಇಂಥ ನಿದ್ದೆ ತಾನಾಗಿ ಬರಲು ಸಾಧ್ಯವೇ? ನೇರ ಅಡುಗೆಮನೆಗೆ ಹೋಗಿ ಯಜಮಾನರನ್ನು ಹಿಡಿದೆ. "ರಾತ್ರಿ ಹಾಲಿನಾಗ ಏನ್ ಹಾಕಿ ಕೊಟ್ರಿ?"

"ಸಕ್ಕರಿ," ಎಂದರು ಅವರು.

ಅಷ್ಟಕ್ಕೇ ಬಿಟ್ಟುಬಿಡಲು ನಾನೇನು ನ್ಯಾಯಾಧೀಶೆಯೇ? ಹಾಕುವಾಗ ಹತ್ತಿರ ಮತ್ತೆ ಯಾರಿದ್ದರು ಎಂದು ಕೇಳಿದೆ.