ಟಚ್‌ಪ್ಯಾಡಿನ ಮೇಲೆ ಅತ್ತೆಯ ರಂಗೋಲಿ

ಅತ್ತೆಯ ಎದುರು ಜಾಣನೆನಿಸಿಕೊಳ್ಳಬೇಕೆಂಬ ಆಸೆ ಯಾವ ಅಳಿಯನಿಗೆ ಇರುವುದಿಲ್ಲ ಹೇಳಿ? ಕೆಲವರು ಹೋಳಿಗೆ ಹೆಚ್ಚು ತಿಂದು ಅದನ್ನು ಸಾಧಿಸುತ್ತಾರೆ, ಕೆಲವರು ಸುಮ್ಮನೆ ಕೂತು ಸಾಧಿಸುತ್ತಾರೆ. ಈ ಎರಡನೆಯ ದಾರಿಯೇ ಕ್ಷೇಮ ಎಂದು ನನಗೆ ತಿಳಿಯುವ ಹೊತ್ತಿಗೆ ಲಗ್ನಪತ್ರಿಕೆ ಅಚ್ಚಾಗಿ ಹೋಗಿತ್ತು.

ಬೈಲಹೊಂಗಲದ ಬಜಾರಿನಲ್ಲಿ ನನ್ನದೊಂದು ಡಿಟಿಪಿ ಅಂಗಡಿ. ಲ್ಯಾಪ್‌ಟಾಪ್ ಎಂದರೆ ಜನ ಬಂದು ಮುಚ್ಚಳ ತೆಗೆಸಿ ನೋಡಿಕೊಂಡು ಹೋಗುತ್ತಿದ್ದ ಕಾಲವದು. ಬೆಳಗಾವಿಯಿಂದ ಹಳೆಯದೊಂದನ್ನು ತಂದಿದ್ದೆ. ಅದರ ಕೀಲಿಗಳ ಕೆಳಗೆ ಬೆರಳಾಡಿಸುವ ಟಚ್‌ಪ್ಯಾಡ್ ಇತ್ತು. ನನ್ನ ಹೆಂಡತಿ ಶಾಂತಾ ಅದನ್ನು ‘ಬಟ್ಟು ತಿಕ್ಕೋ ಜಾಗ’ ಎನ್ನುತ್ತಿದ್ದಳು. ಬೆರಳೆತ್ತಿ ಬೇರೆ ಕಡೆ ಇಟ್ಟರೂ ಪರದೆಯ ಮೇಲಿನ ಬಾಣ ತಾನಿದ್ದಲ್ಲಿಂದಲೇ ಹೊರಡುತ್ತದೆ. ಇದು ನನಗೆ ಸರಿಬರಲಿಲ್ಲ. ಪ್ಯಾಡಿನ ಯಾವ ಮೂಲೆ ಮುಟ್ಟಿದೆವೋ ಪರದೆಯ ಅದೇ ಮೂಲೆಯಲ್ಲಿ ಚುಕ್ಕೆ ಮೂಡಬೇಕು, ಬೆರಳು ಎಳೆದಂತೆ ಗೆರೆ ಬರಬೇಕು ಎಂದು ಒಂದು ಪ್ರೋಗ್ರಾಮ್ ಬರೆಯುವ ಹುಚ್ಚು ಹತ್ತಿತು. ಗಿರಾಕಿಗಳು ಬಂದು ಕಾಯುತ್ತಿದ್ದರೆ, ನಾನು ‘ಬೆರಳು ಎಲ್ಲಿದೆ?’ ಎಂದು ಯಂತ್ರವನ್ನು ಕೇಳುತ್ತ ಕೂತಿರುತ್ತಿದ್ದೆ. ಬೆರಳು ನನ್ನದೇ, ಕಣ್ಣೆದುರೇ ಇತ್ತು. ಆದರೂ ಯಂತ್ರದ ಬಾಯಿಂದ ಕೇಳುವ ಸುಖವೇ ಬೇರೆ.

ಅಷ್ಟರಲ್ಲಿ ಶಾಂತಾಳ ಅಣ್ಣನ ಮಗಳ ಮದುವೆ ಗೊತ್ತಾಯಿತು. ಪತ್ರಿಕೆ ನಮ್ಮ ಅಂಗಡಿಯದೇ. ಮನೋಳಿಯಿಂದ ಅತ್ತೆ ಹೇಳಿ ಕಳಿಸಿದರು: ಮದುವೆಗೆಂದೇ ಹಾಕುವ ಒಂದು ರಂಗೋಲಿ ಅವರ ತಾಯಿಯಿಂದ ಬಂದದ್ದು, ಅದು ಪತ್ರಿಕೆಯ ಮೇಲೆ ಬರಬೇಕು. ಆದರೆ ಅವರು ಪೆನ್ಸಿಲ್ ಹಿಡಿದರೆ ಗೆರೆ ಏಳುವುದಿಲ್ಲ, ಹಾಳೆ ಹರಿಯುತ್ತದೆ. ಶಾಂತಾ ಸುಲಭದ ದಾರಿಯನ್ನೇ ಹೇಳಿದಳು: “ಅವ್ವ ನೆಲದ ಮ್ಯಾಲ ಹಾಕ್ಲಿ, ನೀವು ನೋಡಿ ಹಾಳ್ಯಾಗ ಇಳಿಸಿಕೊಳ್ರಿ. ಇಷ್ಟಕ್ಕ ಯಂತ್ರ ಯಾಕ್ರಿ?” ಇಷ್ಟು ಸರಳವಾದ ಮಾತನ್ನು ಗಂಡಸಾದವನು ಒಪ್ಪುವುದು ಹೇಗೆ? “ಸುಮ್ಮನ ನೋಡ್ತಿರು,” ಎಂದೆ.

ಪತ್ರಿಕೆ ಅಚ್ಚಿಗೆ ಹೋಗುವ ಹಿಂದಿನ ದಿನ ಅತ್ತೆ ಬಂದರು. ಲ್ಯಾಪ್‌ಟಾಪಿನ ಮುಂದೆ ಚಕ್ಕಳಮಕ್ಕಳ ಹಾಕಿ ಕೂತು, “ಅಳ್ಯಾರ, ನಮ್ಮವ್ವ ತೊರಗಲ್‌ನಿಂದ ತಂದಿದ್ದ ರಂಗೋಲಿರಿ ಇದು. ನನ್ನ ಮದವಿ ಆದಾಗ ಇದನ್ನ ಹಾಕಿದ್ಲು. ಕೂಸಿನ ಪತ್ರಿಕಿ ಮ್ಯಾಲ ನನ್ನ ಕೈಲೆ ಬಂದ್ರ ಸಾಕ್ರಿ,” ಎಂದರು. ಅಲ್ಲಿಯವರೆಗೆ ಆಟವಾಗಿದ್ದುದು ಆ ಮಾತಿನಿಂದ ಆಟವಾಗಿ ಉಳಿಯಲಿಲ್ಲ. ಕೆಟ್ಟರೆ ಕೆಡುವುದು ನನ್ನ ಪ್ರೋಗ್ರಾಮಲ್ಲ, ಅವರ ಆಸೆ. ನನಗೆ ನಿಜಕ್ಕೂ ಹೆದರಿಕೆಯಾಯಿತು.

ಶುಭಕಾರ್ಯವೆಂದು ಅವರು ಕೈ ತೊಳೆದು ಬಂದಿದ್ದರು. ಆ ಒದ್ದೆ ಅಂಗೈಯನ್ನೇ ಪ್ಯಾಡಿನ ಮೇಲಿಟ್ಟು ಕಣ್ಣಿಗೊತ್ತಿಕೊಂಡರು. ಪರದೆಯ ಮೇಲೆ ದೆವ್ವ ಹೊಕ್ಕಂತೆ ಚುಕ್ಕೆಗಳು ಕುಣಿದಾಡಿದವು. ಒರೆಸಿ, ಅಳಿಸಿ, ಮತ್ತೆ ಶುರು ಮಾಡಿಸಿದೆ. ಈಗ ಅವರು ಹೆಬ್ಬೆರಳು ತೋರುಬೆರಳು ಸೇರಿಸಿ, ಪ್ಯಾಡಿನಿಂದ ಒಂದಿಷ್ಟು ಮೇಲೆ ಕೈಯಾಡಿಸತೊಡಗಿದರು. ಎಂಥ ಬಳುಕು, ಎಂಥ ತಿರುವು! ಪರದೆ ಮಾತ್ರ ಬೋಳು.

“ಮುಟ್ಟ್ರಿ ಅತ್ತಿ, ಮುಟ್ಟಬೇಕ್ರಿ.”

“ಮುಟ್ಟಿದ್ರ ರಂಗೋಲಿ ಅಳಸ್ತೈತಲ್ರಿ ಅಳ್ಯಾರ?”

ಯಂತ್ರಕ್ಕೆ ಮುಟ್ಟದ ಹೊರತು ತಿಳಿಯದು, ಅವರ ಕೈಗೆ ಮುಟ್ಟಿ ಗೊತ್ತಿಲ್ಲ. ನನ್ನ ಬಲವಂತಕ್ಕೆ ಎರಡೂ ಬೆರಳು ಊರಿದರು. ಯಾವ ಬೆರಳನ್ನು ನಂಬಬೇಕೋ ತಿಳಿಯದ ಪ್ಯಾಡು ಎರಡರ ನಡುವೆ ಗೆರೆ ಎಳೆಯಿತು, ಜಗಳದಲ್ಲಿ ಪಂಚರು ಮಾಡುವ ತೀರ್ಮಾನದ ಹಾಗೆ. ಅದು ಯಾರ ರಂಗೋಲಿಯೂ ಆಗಿರಲಿಲ್ಲ. ಅತ್ತೆಯ ಮುಖ ಸಣ್ಣದಾಯಿತು. “ನನಗ ಬರೂದಿಲ್ಲ ಬಿಡ್ರಿ,” ಎಂದು ಸೆರಗು ಸರಿಮಾಡಿಕೊಂಡರು. ಮನೋಳಿ ಬಸ್ಸಿನ ಹೊತ್ತೂ ಆಗುತ್ತ ಬಂದಿತ್ತು.

ಬಾಗಿಲಲ್ಲಿ ನಿಂತಿದ್ದ ಶಾಂತಾ ಹೇಳಿದಳು: “ಅವ್ವಾ, ರಂಗೋಲಿ ಅನ್ಕೋಬ್ಯಾಡ. ತಾಟಿನಾಗ ಉಳಿದ ಶೀಕರಣಿ ಒಂದ ಬಟ್ಟಿಲೆ ಬಳಕೊಂಡಂಗ ಮಾಡು.”

ಅತ್ತೆಗೆ ನಗು ಬಂತು. ನಗುತ್ತಲೇ ಒಂದು ಬೆರಳಿಟ್ಟು ಎಳೆದರು. ಎಳೆಯ ಮೇಲೆ ಎಳೆ, ಎಸಳಿಗೆ ಎಸಳು; ಪರದೆಯ ತುಂಬ ತೊರಗಲ್ಲಿನ ಆ ರಂಗೋಲಿ ಅರಳಿ ನಿಂತಿತು. ನನಗೆ ಆದ ಸಂತೋಷ ಅಷ್ಟಿಷ್ಟಲ್ಲ. ಅಷ್ಟಕ್ಕೇ ಸುಮ್ಮನಿದ್ದರೆ ನಾನು ನಾನಾಗುತ್ತಿರಲಿಲ್ಲ. “ಶಭಾಶ್ ಅತ್ತಿ! ಇಲ್ಲೊಂದು ಎಸಳು ಸ್ವಲ್ಪ...” ಎಂದು ತೋರಿಸಲು ಹೋಗಿ ಬೆರಳನ್ನು ಪ್ಯಾಡಿನ ಮೇಲೇ ಊರಿ ಎಳೆದುಬಿಟ್ಟೆ. ರಂಗೋಲಿಯ ಬುಡದಿಂದ ಹಲ್ಲಿಯ ಬಾಲದಂಥ ಸೊಟ್ಟ ಗೆರೆಯೊಂದು ಮೂಲೆಯತನಕ ಓಡಿತು.

ನನ್ನ ಜೀವ ಬಾಯಿಗೆ ಬಂತು. “ತಡೀರಿ, ಈಗ ಅಳಸ್ತೇನಿ,” ಎಂದೆ. ಅತ್ತೆ ಕೈ ಅಡ್ಡ ಹಿಡಿದರು. “ತಪ್ಪಿದಾಗ ಅಳಸಿದ್ದು ಬ್ಯಾರೆ. ಮದವಿ ಹೆಸರೀಲೆ ಪೂರಾ ಆದ ರಂಗೋಲಿ ಅಳಸಬಾರದ್ರಿ ಅಳ್ಯಾರ. ಇರ್ಲಿ, ಕೂಸಿಗೆ ಮಾಂವಂದೂ ಒಂದ ಎಳಿ ಇರ್ಲಿ.” ಹಾಗೆಂದು ಚೀಲ ಎತ್ತಿಕೊಂಡು ಬಸ್‌ಸ್ಟ್ಯಾಂಡಿಗೆ ನಡೆದರು. ಬಾಲವೂ ಅಚ್ಚಿಗೆ ಹೋಯಿತು.

ಮದುವೆ ಮನೆಯಲ್ಲಿ ನಾನು ಕಂಬದ ಮರೆಯಲ್ಲೇ ಓಡಾಡಿದೆ. ಹೆಂಗಸರು ಪತ್ರಿಕೆ ಹಿಡಿದು ಅತ್ತೆಯನ್ನು ಕೇಳುತ್ತಿದ್ದುದು ಕಿವಿಗೆ ಬಿತ್ತು: “ಇದ್ಯಾವ ಎಳಿ ಬೇ? ನಾವು ನೋಡಿಲ್ಲಲ್ಲ?” ಅತ್ತೆ ಗಂಭೀರವಾಗಿ, “ಅದು ಬೈಲಹೊಂಗಲದ ಪದ್ಧತಿ,” ಎಂದರು. ಮುಗಿಯಿತು. ಆ ಹಂಗಾಮಿನಲ್ಲಿ ಮನೋಳಿಯ ಅದೆಷ್ಟೋ ಮದುವೆ ಮನೆಗಳ ಅಂಗಳದಲ್ಲಿ ರಂಗೋಲಿಗೆ ಸೊಟ್ಟ ಬಾಲ ಬಂತು. ತಿಂಗಳುಗಟ್ಟಲೆ ಬರೆದ ನನ್ನ ಪ್ರೋಗ್ರಾಮನ್ನು ಯಾರೂ ಕೇಳಲಿಲ್ಲ.

ಈಗ ನಮ್ಮ ಮನೆಯಲ್ಲಿ ಹಬ್ಬ ಬಂದರೆ ಶಾಂತಾ ಆ ರಂಗೋಲಿ ಪೂರಾ ಹಾಕಿ, ಬಾಲವನ್ನಷ್ಟೇ ಬಿಟ್ಟು ನನ್ನನ್ನು ಕರೆಯುತ್ತಾಳೆ. “ಬರ್ರಿ, ನಿಮ್ಮ ಪದ್ಧತಿ ನೀವ ಹಾಕ್ರಿ.” ನಾನು ಅಂಗಳದಲ್ಲಿ ಕುಕ್ಕರುಗಾಲಲ್ಲಿ ಕೂತು, ಚಿಟಿಕೆ ಪುಡಿ ಹಿಡಿದು ಶ್ರದ್ಧೆಯಿಂದ ಶುರುಮಾಡುತ್ತೇನೆ. ಅಭ್ಯಾಸಬಲ, ಬೆರಳು ಸೀದಾ ನೆಲಕ್ಕೇ ಹೋಗುತ್ತದೆ. ಓಣಿಗೆಲ್ಲ ಕೇಳುವಂತೆ ಅವಳು ಕೂಗುತ್ತಾಳೆ: “ರೀ, ಮುಟ್ಟಬ್ಯಾಡ್ರಿ!”