ಮಿಲಾನಿನ ಬಾಟಲಿ, ಅವ್ವನ ಕಟ್ಟು

ಮುಚ್ಚಳದ ವಿಷಯದಲ್ಲಿ ನನ್ನನ್ನು ಮೀರಿಸುವವರು ಇಡೀ ಹೈದರಾಬಾದಿನಲ್ಲಿಲ್ಲ! ನಾಚಾರಂನ ಒಂದು ಸಣ್ಣ ಕಾರ್ಖಾನೆಯಲ್ಲಿ ಹನ್ನೊಂದು ವರ್ಷದಿಂದ ಡಬ್ಬಿ, ಬಾಟಲಿಗಳ ಮುಚ್ಚಳ ತಪಾಸಣೆ ಮಾಡುವ ಕ್ವಾಲಿಟಿ ಸೂಪರ್‌ವೈಸರ್ ನಾನು, ವೈಜನಾಥ. ನನ್ನ ಕೈ ದಾಟಿ ಹೋದ ಮುಚ್ಚಳ ಸೋರಿದ್ದಿಲ್ಲ, ಹಾರಿದ್ದಿಲ್ಲ. ಇಂಥ ಕೈಗೆ ಒಂದು ಲೋಟ ಪಾನೀಯ ಬೆರೆಸುವುದು ಯಾವ ಮಹಾ ಕೆಲಸ? ಹಾಗಂದುಕೊಂಡೇ ಆ ಭಾನುವಾರ ಮಧ್ಯಾಹ್ನ ಅಂಗಿಯ ತೋಳು ಮಡಿಸಿ, ಅಡುಗೆಮನೆಯ ಚಿಲಕ ಹಾಕಿಕೊಂಡು, ಅಮರೆಟ್ಟೊ ಸೌರ್ ಎಂಬ ಇಟಲಿಯ ಪಾನೀಯವನ್ನು ಅಮೀರ್‌ಪೇಟೆಯಲ್ಲಿ ಅವತಾರ ಎತ್ತಿಸಿಯೇ ಸಿದ್ಧ ಎಂದು ಪಣ ತೊಟ್ಟೆ!

ಹೆಂಡ ಮುಟ್ಟದ ಮನೆಯಲ್ಲಿ ಈ ಹುಚ್ಚು ಯಾಕೆ ಹುಟ್ಟಿತು ಎಂದು ನೀವು ಕೇಳಬಹುದು. ಕಾರಣ ನನ್ನ ಹೆಂಡತಿ ಸ್ನೇಹಲತಾ. ಅದು ಕಂಪ್ಯೂಟರ್ ಕಲಿತವರನ್ನು ವಿಮಾನಗಳೇ ಮನೆ ಬಾಗಿಲಿಗೆ ಬಂದು ಕರೆಯುತ್ತಿದ್ದ ಕಾಲ. ನಮ್ಮ ಮನೆಯ ಕೆಳಗಿನ ಮಹಡಿಯಲ್ಲೇ ಮೂವತ್ತು ದಿನದಲ್ಲಿ ಜಾವಾ ಕಲಿಸುತ್ತಿದ್ದರು. ಮೆಟ್ಟಿಲ ಮೇಲೆ ಬಿಟ್ಟಿದ್ದ ನೂರಾರು ಚಪ್ಪಲಿಗಳಲ್ಲಿ ನನ್ನವನ್ನು ಹುಡುಕುವುದೇ ನನಗೆ ದಿನದ ಮೊದಲ ಇಂಟರ್‌ವ್ಯೂ. ಸ್ನೇಹಲತಾ ಓದಿದವಳು, ಜಾಣೆ. ಅವಳ ಕಂಪನಿ ಅವಳನ್ನು ಆರು ತಿಂಗಳು ಮಿಲಾನಿಗೆ ಕಳಿಸಿತು. ಬೇಗಂಪೇಟೆಯ ವಿಮಾನ ನಿಲ್ದಾಣದಲ್ಲಿ ನಾನು ಗಂಡಸಿಗೆ ತಕ್ಕ ಗಾಂಭೀರ್ಯದಿಂದ ಕೈ ಬೀಸಿ, ಆಟೋದಲ್ಲಿ ಕೂತು ಮನೆ ಮುಟ್ಟುವವರೆಗೆ ಅಳುತ್ತಾ ಬಂದೆ.

ಅಲ್ಲಿಂದ ಅವಳು ಕಾರ್ಡ್ ಹಾಕಿ ಫೋನು ಮಾಡುತ್ತಿದ್ದಳು. ಎಲ್ಲ ಫೋನಿನಲ್ಲೂ ಚಳಿ, ಕೆಲಸ, ಬ್ರೆಡ್ಡು ಇಷ್ಟೇ. ಒಂದು ಸಲ ಮಾತ್ರ ದನಿ ಬೇರೆಯಿತ್ತು.

"ರೀ, ಇವತ್ತ ಆಫೀಸಿನವ್ರು ಒಂದು ಬದಾಮಿ ಡ್ರಿಂಕ್ ಕುಡಿಸಿದ್ರು. ಲಿಂಬಿಹಣ್ಣ ಹಿಂಡಿದ್ರು, ಹುಳಿ-ಸಿಹಿ ಎರಡೂ ಇತ್ತು. ಇಲ್ಲಿಗಿ ಬಂದ ಮ್ಯಾಲ ಇವತ್ತ ಒಂದ ದಿನ ಭಾಳ ಚಲೋ ಅನಸ್ತು ನೋಡ್ರಿ. ಯಾಕಂದ್ರ..."

ಅಷ್ಟರಲ್ಲಿ ಕಾರ್ಡ್ ಮುಗಿಯಿತು! ಆ 'ಯಾಕಂದ್ರ'ವನ್ನು ಹಿಡಿದುಕೊಂಡು ನಾನು ತಿಂಗಳುಗಟ್ಟಲೆ ಕೂತೆ. ಯಾಕಂದ್ರ ಇಟಲಿ ಚೆನ್ನಾಗಿದೆ. ಯಾಕಂದ್ರ ನಾಚಾರಂನ ಮುಚ್ಚಳದವನಿಗಿಂತ ಅಲ್ಲಿನ ಜನ ಚೆನ್ನಾಗಿದ್ದಾರೆ. ಕೊನೆಗೆ ಅವಳು ತಿರುಗಿ ಬಂದಾಗ ಸೂಟ್‌ಕೇಸಿನಲ್ಲಿ ಅಮರೆಟ್ಟೊ ಎಂಬ ಆ ಬದಾಮಿ ಮದ್ಯದ ಬಾಟಲಿಯೂ ಬಂತು. ಅಲ್ಲಿನವರು ಬೀಳ್ಕೊಡುವಾಗ ಕೊಟ್ಟಿದ್ದಂತೆ. ಅದನ್ನು ಕಪಾಟಿನಲ್ಲಿ ಇಳಕಲ್ ಸೀರೆಯ ಕೆಳಗೆ ಮಲಗಿಸಿದಳು.

ಬಂದು ಮೂರು ವಾರವೂ ಆಗಿರಲಿಲ್ಲ, ಕಂಪನಿ ಮತ್ತೆ ಕರೆಯಿತು. ಈ ಸಲ ಎರಡು ವರ್ಷ! ಸೋಮವಾರದೊಳಗೆ ಉತ್ತರ ಹೇಳಬೇಕು.

"ಏನ ಮಾಡೂಣ್ರಿ?" ಎಂದು ಕೇಳಿದಳು.

"ನಿನ್ನ ಇಷ್ಟ" ಎಂದೆ, ಸಂತನ ಹಾಗೆ. ಆ ಎರಡು ಶಬ್ದ ಆಡಿದ್ದಕ್ಕೆ ಮೂರು ರಾತ್ರಿ ನಿದ್ದೆಯಿಲ್ಲ. ಹೋಗಬೇಡ ಎಂದು ಬಾಯಿಬಿಟ್ಟು ಹೇಳಲು ನನ್ನ ಅಹಂಕಾರ ಬಿಡಲಿಲ್ಲ. ನಾಲ್ಕನೆಯ ದಿನ ಉಪಾಯ ಹೊಳೆಯಿತು. ಅಲ್ಲಿನ ಸುಖ ಇಲ್ಲೇ, ಈ ಅಡುಗೆಮನೆಯಲ್ಲೇ ಸಿಗುತ್ತದೆ ಎಂದು ತೋರಿಸಿಬಿಟ್ಟರೆ ಅವಳೇಕೆ ವಿಮಾನ ಹತ್ತುತ್ತಾಳೆ? ಭಾನುವಾರ ನಮ್ಮ ಮದುವೆಯಾಗಿ ಆರು ವರ್ಷ ತುಂಬುವ ದಿನ. ಅವಳು ಯಾವುದೋ ತುರ್ತು ಕೆಲಸವೆಂದು ಬೆಳಿಗ್ಗೆಯೇ ಆಫೀಸಿಗೆ ಹೋಗಿದ್ದಳು, ಸಂಜೆ ಬರುತ್ತಾಳೆ. ಮುಹೂರ್ತ ಕೂಡಿ ಬಂದಿತ್ತು!

ಇಂಟರ್ನೆಟ್ ಸೆಂಟರಿನಲ್ಲಿ ಪ್ರಿಂಟ್ ತೆಗೆಸಿದ ಹಾಳೆಯನ್ನು ಗೋಡೆಗೆ ಅಂಟಿಸಿ ಓದಿದೆ. ಬದಾಮಿ ಮದ್ಯ, ಸರಿ. ನಿಂಬೆರಸ, ಸರಿ. ಸಕ್ಕರೆ ಪಾಕ, ಸರಿ. ಮೇಲೆ ನೊರೆ ಬರಲು ಒಂದು ಮೊಟ್ಟೆಯ ಬಿಳಿಭಾಗ. ಶಿವಶಿವಾ! ಬದಾಮಿ ಮದ್ಯವಾದರೂ ಸೀರೆಯ ಕೆಳಗೆ ಅಡಗೀತು. ಆದರೆ ನನ್ನ ಅವ್ವ ಶರಣಬಸಮ್ಮ ಲಿಂಗಪೂಜೆ ಮಾಡುವ ಮನೆಯಲ್ಲಿ ಮೊಟ್ಟೆ ಒಡೆದರೆ ಆ ಶಬ್ದ ನಮ್ಮೂರು ಕಲಬುರ್ಗಿಗೆ ಕೇಳಿಸುತ್ತದೆ. ಅವ್ವನಾದರೋ ಕಲಬುರ್ಗಿಯಲ್ಲಿ ಕೂಡ ಇರಲಿಲ್ಲ. ಸೊರಗಿ ಬಂದ ಸೊಸೆಗೆ ಉಣಿಸಲೆಂದು ಬಂದು ಪಕ್ಕದ ಕೋಣೆಯಲ್ಲೇ ಮಲಗಿದ್ದಳು!

ಇಂಥ ವಿಷಯಗಳಲ್ಲಿ ನಮ್ಮ ಕಾರ್ಖಾನೆಯ ರಾಮಕೃಷ್ಣನೇ ನನಗೆ ಗುರು. ಫೋನು ಮಾಡಿದೆ.

"ಗುಡ್ಡು ಲೇಕುಂಡಾ ಕುದರದು ಭಾಯ್!" ಮೊಟ್ಟೆ ಇಲ್ಲದೆ ಆಗುವುದೇ ಇಲ್ಲವೆಂದು ಖಡಾಖಂಡಿತ ಹೇಳಿ ಇಟ್ಟುಬಿಟ್ಟ.

ಆಗ ನನ್ನ ಕಣ್ಣು ಒಲೆಯ ಪಕ್ಕ ತಾಟು ಮುಚ್ಚಿಟ್ಟ ಪಾತೇಲಿಯ ಮೇಲೆ ಬಿತ್ತು. ರಾತ್ರಿಯ ಹೋಳಿಗೆಗೆಂದು ಅವ್ವ ಕಡಲೆಬೇಳೆ ಬೇಯಿಸಿ, ಬಸಿದ ನೀರನ್ನು ಅದರಲ್ಲಿ ಎತ್ತಿಟ್ಟಿದ್ದಳು. ಅದೇ ಕಟ್ಟು. ಬಸಿಯುವಾಗ ಅದರ ಮೇಲೆ ಎಷ್ಟೊಂದು ನೊರೆ ಎದ್ದಿತ್ತು! ಒಂದು ಬಟ್ಟಲು ತೆಗೆದು ಕಡಗೋಲಿನಿಂದ ಕಡೆದೆ. ನೊರೆ ಉಕ್ಕಿತು! ಮೊಟ್ಟೆಯಿಲ್ಲದೆ ನೊರೆ ಎಬ್ಬಿಸಿದ ಮಹಾಪುರುಷ ನಾನೇ ಎಂದು ನನ್ನ ಬೆನ್ನನ್ನು ನಾನೇ ತಟ್ಟಿಕೊಂಡೆ.

ಮೊದಲ ಪ್ರಯತ್ನದಲ್ಲಿ ಐದು ನಿಂಬೆಹಣ್ಣು, ಪಾಕ, ಮದ್ಯ, ಎರಡು ಬಟ್ಟಲು ಕಟ್ಟು, ಮೇಲೊಂದಿಷ್ಟು ಐಸು, ಎಲ್ಲವನ್ನೂ ಸ್ಟೀಲಿನ ಡಬ್ಬಿಗೆ ಹಾಕಿದೆ. ಮುಚ್ಚಳವನ್ನು ನಾನೇ ಬಿಗಿದೆ, ನಾನೇ ತಪಾಸಣೆ ಮಾಡಿದೆ, ನಾನೇ ಪಾಸು ಮಾಡಿದೆ. ಎರಡು ಕೈಯಿಂದ ತಲೆಯ ಮೇಲೆತ್ತಿ ಕುಲುಕಿದೆ. ಹನ್ನೊಂದು ವರ್ಷದಲ್ಲಿ ಮೊದಲ ಸಲ ನಾನು ಪಾಸು ಮಾಡಿದ ಮುಚ್ಚಳ ಹಾರಿತು! ಹಾರಿದ್ದು ಸುಮ್ಮನೆ ಬಿತ್ತೇ? ತಿರುಗುತ್ತಿದ್ದ ಫ್ಯಾನಿಗೆ ಠಣ್ ಎಂದು ಬಡಿದು ಕಪಾಟಿನ ಮೇಲೆ ಹೋಗಿ ಕೂತಿತು. ಡಬ್ಬಿಯಲ್ಲಿದ್ದುದೆಲ್ಲ ನನ್ನ ತಲೆಗೆ, ಗೋಡೆಗೆ, ಕ್ಯಾಲೆಂಡರಿಗೆ. ಬೇಳೆಗೆ ಅವ್ವ ಚಿಟಿಕೆ ಅರಿಶಿನ ಹಾಕಿದ್ದಳು. ಹೀಗಾಗಿ ನಾನು ಅರಿಶಿನಕ್ಕೆ ಕೂತ ಮದುಮಗನಂತಾದೆ.

ಎರಡನೆಯ ಸಲ ಮುಚ್ಚಳಕ್ಕೆ ಟವೆಲು ಸುತ್ತಿ ಹಿಡಿದೆ. ಮುಚ್ಚಳ ನಿಂತಿತು. ಆದರೆ ಪಾತೇಲಿಯ ತಳದ ಕಟ್ಟು ಇನ್ನೂ ಬಿಸಿಯಿತ್ತು. ಐಸು ಕರಗಿ, ನೊರೆ ಸತ್ತು, ಚೌಳು ನೀರಿನಂಥದೇನೋ ತಯಾರಾಯಿತು. ಬಚ್ಚಲಿಗೆ ಸುರಿದೆ. ಮೂರನೆಯ ಸಲ ಉಳಿದ ಕಟ್ಟನ್ನೆಲ್ಲ ಅಗಲವಾದ ಪರಾತಿನಲ್ಲಿ ಹರಡಿ ಆರಿಸಿ, ಕಡೆದು ಕಡೆದು ನೊರೆಯನ್ನಷ್ಟೇ ಚಮಚದಿಂದ ಎತ್ತಿ ಎತ್ತಿ ಕಲೆ ಹಾಕಿದೆ. ತಳದ ನೀರನ್ನು ಚೆಲ್ಲಿದೆ. ಕೊನೆಗೂ ಒಂದು ಲೋಟ ಸಿದ್ಧವಾಯಿತು! ಚಿತ್ರದಲ್ಲಿ ನೊರೆ ಬೆಳ್ಳಗಿತ್ತು, ನನ್ನದು ಹಳದಿ. ಇರಲಿ, ಮಂಗಳಕರ ಬಣ್ಣವೇ.

ಆಗಲೇ ಬಾಗಿಲು ಬಡಿದ ಸದ್ದಾಯಿತು.

"ವೈಜೂ, ಚಿಲಕಾ ಹಾಕ್ಕೊಂಡು ಏನ ಮಾಡಾಕತ್ತೀಯೋ?"

ತೆರೆದೆ. ಅವ್ವ ನನ್ನ ಹಳದಿ ತಲೆ ನೋಡಿದಳು, ಹಳದಿ ಫ್ಯಾನು ನೋಡಿದಳು.

"ಕೆಮ್ಮಿಗೆ ಔಷಧ ಮಾಡಾಕತ್ತೀನಿ, ಅವ್ವಾ."

"ಯಾರಿಗಿ ಕೆಮ್ಮು?"

"ಈಗ ಯಾರಿಗೂ ಇಲ್ಲ. ಮುಂದ ಬಂದ್ರ ಇರ್ಲಿ ಅಂತ."

ಅವ್ವ ಬಾಟಲಿ ಎತ್ತಿ ಮೂಸಿದಳು. ನನ್ನ ಜೀವ ಹಾರಿಹೋಯಿತು. ಅವಳು ಅದನ್ನು ಮೆಲ್ಲಗೆ ಕೆಳಗಿಟ್ಟಳು.

"ನಿಮ್ಮಪ್ಪಗೂ ಇಂಥ ಕೆಮ್ಮ ಬರತಿತ್ತು. ಶನಿವಾರಕ್ಕೊಮ್ಮಿ."

ಅಷ್ಟೇ! ಬೈಗುಳವಿಲ್ಲ, ಅಳುವಿಲ್ಲ. ಬದುಕಿದೆ ಎಂದುಕೊಂಡೆ. ಆದರೆ ಅವ್ವನ ಕೈ ಪಾತೇಲಿಯ ಕಡೆ ಹೋಯಿತು. ತಾಟು ಎತ್ತಿದಳು. ಒಳಗೆ ಬಗ್ಗಿ ನೋಡಿದಳು. ಅವಳ ಮುಖದಲ್ಲಿ ರಕ್ತವೇ ಇಲ್ಲ.

"ಕಟ್ಟು ಎಲ್ಲೈತೋ?"

ನಾನು ಲೋಟದ ಕಡೆ ಬೆರಳು ತೋರಿಸಿದೆ.

"ಅಯ್ಯ ನಿನ್ನ! ಒಂದ ಪಾತೇಲಿ ಕಟ್ಟೋ! ಹೋಳಗಿ ಮಾಡಿದ ಮನ್ಯಾಗ ಕಟ್ಟಿನ ಸಾರ ಇಲ್ಲಂದ್ರ ಮಂದಿ ಏನಂದಾರು? ಶೆರೆ ಕುಡಿಯೋರನ್ನ ಕಂಡೀನಿ, ಕಟ್ಟ ಕುಡಿಯೋರನ್ನ ಕಂಡಿರ್ಲಿಲ್ಲ! ನಿಮ್ಮಪ್ಪ ಕುಡದ್ರೂ ನನ್ನ ಅಡಗಿ ಮುಟ್ಟಿದ್ದಿಲ್ಲ!"

ಈ ಮಂಗಳಾರತಿ ಭರದಿಂದ ನಡೆದಿರುವಾಗಲೇ ಸ್ನೇಹಲತಾ ಒಳಗೆ ಬಂದಳು. ಬ್ಯಾಗು ಇನ್ನೂ ಹೆಗಲ ಮೇಲಿತ್ತು. ನೆಲದ ಮೇಲೆ ನಿಂಬೆಯ ಸಿಪ್ಪೆ, ಗೋಡೆಯ ಮೇಲೆ ಇಟಲಿಯ ಹಾಳೆ, ನಡುವೆ ಹಳದಿ ಗಂಡ. ಇನ್ನು ಮುಚ್ಚಿಡುವುದಕ್ಕೆ ನನ್ನ ಹತ್ತಿರ ಮುಚ್ಚಳವೂ ಇರಲಿಲ್ಲ. ಲೋಟವನ್ನು ಎರಡೂ ಕೈಯಲ್ಲಿ ಹಿಡಿದು ಅವಳ ಮುಂದೆ ನಿಂತೆ.

"ನಿನಗಂತ ಮಾಡೀನಿ. ಅಲ್ಲೆ ನೀ ಕುಡದಿದ್ದಿ ನೋಡು, ಅದು."

ಅವಳು ಒಂದು ಗುಟುಕು ಕುಡಿದಳು. ಹುಬ್ಬು ಗಂಟಿಕ್ಕಿದಳು. ಇನ್ನೊಂದು ಗುಟುಕು ಕುಡಿದಳು.

"ಇದ್ರಾಗ ಏನ ಹಾಕೀರಿ? ಕಟ್ಟಿನ ವಾಸನಿ ಬರಾಕತ್ತೈತಿ!"

"ಇದ್ದಷ್ಟೂ ಅದ್ರಾಗೇ ಐತಿ" ಎಂದಳು ಅವ್ವ.

ಸ್ನೇಹಲತಾ ಲೋಟ ಕೆಳಗಿಟ್ಟು, ಗೋಡೆಗೆ ಒರಗಿ ನಗತೊಡಗಿದಳು. ನಕ್ಕು ನಕ್ಕು ಕಣ್ಣಲ್ಲಿ ನೀರು ಬಂತು. ನೀರು ಬಂದ ಮೇಲೆ ನಗು ನಿಂತಿತು, ನೀರು ನಿಲ್ಲಲಿಲ್ಲ.

"ಅವತ್ತ ಫೋನಿನ್ಯಾಗ ಅದನ್ನ ಹೇಳಾಕ ಹೋಗಿದ್ನಿರಿ, ಕಾರ್ಡ್ ಮುಗೀತು. ಅದನ್ನ ಕುಡದಾಗ ಯಾಕ ಚಲೋ ಅನಸ್ತಂದ್ರ, ಆ ಹುಳಿ-ಸಿಹಿ ಬಾಯಾಗ ಬಿದ್ದ ಕೂಡ್ಲೆ ಅತ್ತಿಯವ್ರ ಕಟ್ಟಿನ ಸಾರ ನೆನಪಾತ್ರಿ. ಕಣ್ಣ ಮುಚ್ಚಿದ್ರ ಮನ್ಯಾಗ ಕುಂತಂಗ ಆತು. ಇವತ್ತ ಹೋಳಗಿ ಅಂತ ಅತ್ತಿಯವ್ರು ಅಂದಾಗಿಂದ, ಮುಂಜಾನಿಂದ ಆ ಸಾರಿಗೇ ಕಾಯಾಕತ್ತೀನಿ!"

ಅತ್ತೆ-ಸೊಸೆ ಇಬ್ಬರೂ ನನ್ನ ಕಡೆ ತಿರುಗಿದರು. ಮಿಲಾನಿನಲ್ಲಿ ಕೂತು ಅವಳು ಹಂಬಲಿಸಿದ್ದನ್ನು ಅಮೀರ್‌ಪೇಟೆಯಲ್ಲಿ ನಿಂತು ಬಚ್ಚಲಿಗೆ ಸುರಿದ ಪುಣ್ಯಾತ್ಮ ನಾನು! ಆ ಕ್ಷಣದಲ್ಲಿ ಅಹಂಕಾರ ಎಲ್ಲಿ ಸೋರಿಹೋಯಿತೋ, ಬಾಯಿಂದ ಮಾತು ತಾನಾಗಿ ಬಂತು.

"ನೀ ಹೋಗಬ್ಯಾಡ, ಸ್ನೇಹಾ. ಎರಡು ವರ್ಷ ನನಗ ಆಗಂಗಿಲ್ಲ. ಆರು ತಿಂಗಳಿಗೇ ಸಾಕಾಗೇತಿ."

"ಇಷ್ಟ ಹೇಳಾಕ ಇಷ್ಟ ಲಿಂಬಿಹಣ್ಣ ಹಿಂಡೀರೇನು?" ಸೆರಗಿನಿಂದ ನನ್ನ ಹಣೆಯ ಹಳದಿ ಒರೆಸಿದಳು. "ಇವತ್ತ ಆಫೀಸಿಗೆ ಯಾಕ ಹೋಗಿದ್ದೆ ಅಂದ್ಕೊಂಡೀರಿ? ಎರಡು ವರ್ಷ ಒಲ್ಲೆ, ಹೋದ್ರ ಮೂರು ತಿಂಗಳು, ಅದೂ ಗಂಡನ್ನ ಕರ್ಕೊಂಡು ಹೋಗಾಕ ಬಿಟ್ರ ಮಾತ್ರ ಅಂತ ಹೇಳಿ ಬಂದೀನಿ. ಹೂಂ ಅಂದಾರ."

ಫ್ಯಾನಿನಿಂದ ಒಂದು ಹಳದಿ ಹನಿ ನನ್ನ ಮೂಗಿನ ಮೇಲೆ ಬಿತ್ತು. ಅವಳೇ ಅದನ್ನೂ ಒರೆಸಿದಳು.

"ಕರ್ಕೊಂಡ ಹೋಗವ್ವ," ಅವ್ವ ಆಗಲೇ ಡಬ್ಬಿಯಿಂದ ಹೊಸ ಬೇಳೆ ಅಳೆಯುತ್ತಿದ್ದಳು. "ಆದ್ರ ಅಲ್ಲಿ ಅಡಗಿಮನಿಗಿ ಒಂದು ಕೀಲಿ ಹಾಕು."

ಮತ್ತೆ ಬೇಳೆ ಬೆಂದಿತು, ಮತ್ತೆ ಕಟ್ಟು ಬಸಿಯಿತು. ನೆಲ, ಗೋಡೆ, ಫ್ಯಾನು ತೊಳೆಯುವ ಶಿಕ್ಷೆ ನನ್ನದು. ತೊಳೆದು ಮುಗಿಸುವ ಹೊತ್ತಿಗೆ ಹುಣಸೆ, ಬೆಲ್ಲ, ಒಗ್ಗರಣೆಯ ಘಮ ಮನೆ ತುಂಬಿತ್ತು. ಮೂವರೂ ತಾಟು ಹಾಕಿಕೊಂಡು ಕೂತೆವು. ಸ್ನೇಹಲತಾ ಬಟ್ಟಲನ್ನೇ ಎತ್ತಿ ಸಾರು ಕುಡಿದು ಕಣ್ಣು ಮುಚ್ಚಿದಳು. ಆ ಮುಖ ನೋಡಿ ನನ್ನ ಹೊಟ್ಟೆ ತುಂಬಿತು. ಆದರೂ ಬಾಯಿ ಕೇಳಬೇಕಲ್ಲ? ನನ್ನ ಬಟ್ಟಲನ್ನೂ ಮುಂದೆ ಸರಿಸಿದೆ.

ಅವ್ವನ ಸೌಟು ನನ್ನ ಬಟ್ಟಲಿನ ಮೇಲೆ ಬಂದು, ಅಲ್ಲೇ ನಿಂತು, ಹಾಗೇ ಹಿಂದಕ್ಕೆ ಹೋಯಿತು.

"ನಿನ್ನ ಪಾಲಿನ ಕಟ್ಟು ನಿನಗ ಮಧ್ಯಾಹ್ನನ ಮುಟ್ಟೇತಲ್ಲೋ" ಎಂದು, ನೊರೆ ಸತ್ತ ಆ ಹಳದಿ ಲೋಟವನ್ನು ತಂದು ನನ್ನ ತಾಟಿನ ಪಕ್ಕ ಇಟ್ಟಳು. "ತೊಗೊ. ಹೋಳಗಿ ಇದ್ರಾಗ ಅದ್ದಿಕೊಂಡು ತಿನ್ನು!"